ಹತ್ತು ಇಂಚಿನ ವೃತ್ತ

ಧಾರವಾಡದವನನ್ನು ಕೆಲಸಕ್ಕೆ ಸೇರಿಸಿದ್ದು ನಾನೇ. ಇದನ್ನು ಮೊದಲೇ ಹೇಳಿಬಿಡುತ್ತೇನೆ. ಇಲ್ಲದಿದ್ದರೆ ಮುಂದೆ ಅವನ ಬಗ್ಗೆ ನಾನು ಆಡುವ ಮಾತು ಕೇಳಿ, ಹಾಗಾದರೆ ಸೇರಿಸಿದ್ದು ಯಾಕಮ್ಮ ಎಂದು ಯಾರಾದರೂ ಕೇಳಿಯೇ ಕೇಳುತ್ತಾರೆ. ಇಲ್ಲಿನ ಕನ್ನಡದವರೆಲ್ಲ ಒಂದೊಂದು ಅಡುಗೆ ತರುವ ಯುಗಾದಿ ಪಾಟ್‌ಲಕ್‌ನಲ್ಲಿ ತಟ್ಟೆ ಹಿಡಿದು ನನ್ನ ಎದುರಿಗೆ ಬಂದು ನಿಂತ. “ಅಕ್ಕಾರ, ಕಾರ್ ಕಂಪನ್ಯಾಗ ಲೇಆಫ್ ಆತ್ರಿ. ನಿಮ್ಮ ಶಾಪ್‌ನ್ಯಾಗ ಏನರ ಇದ್ರ ಹೇಳ್ರಿ” ಎಂದ. ಪಾಪ ಎನ್ನಿಸಿತು. ಸೋಮವಾರವೇ ಮಾಲೀಕನ ಹತ್ತಿರ ಮಾತಾಡಿ, ಕೈಯಾರೆ ತಂದು ಪಕ್ಕದ ಮೇಜಿನಲ್ಲಿ ಕೂರಿಸಿದೆ.

ನಮ್ಮದು ಅಮೆರಿಕದ ಆಬರ್ನ್ ಹಿಲ್ಸ್‌ನಿಂದ ಹೆದ್ದಾರಿಯಲ್ಲಿ ಎರಡು ಎಕ್ಸಿಟ್ ಆಚೆಗಿರುವ ಸಣ್ಣ ಮಷೀನ್ ಶಾಪ್. ಹದಿನಾಲ್ಕು ಜನ. ಮೊದಲು ಕಾರಿನ ಬಿಡಿಭಾಗ ಮಾಡುತ್ತಿದ್ದೆವು, ಈಗ ಹೆಚ್ಚಾಗಿ ಶಾಟ್‌ಗನ್ನಿನ ಚೋಕ್. ಚೋಕ್ ಎಂದರೆ ಕೋವಿಯ ನಳಿಗೆಯ ತುದಿಗೆ ತಿರುಗಿಸಿ ಕೂರಿಸುವ ಮೂರು ಇಂಚಿನ ಉಕ್ಕಿನ ಕೊಳವೆ. ಅದರ ಬಾಯಿ ನಳಿಗೆಗಿಂತ ಚೂರು ಕಿರಿದು. ತೋಟಾದೊಳಗಿನ ಮುನ್ನೂರು ಚಿಲ್ಲರೆ ಚರೆಗಳು ಹಾರಿ ಹೋಗುವಾಗ ಈ ಕಿರಿದು ಬಾಯಿ ಅವನ್ನು ಒತ್ತಿ, ಚೆದುರದಂತೆ ಗುಂಪಾಗಿ ಕಳಿಸುತ್ತದೆ. ಟರ್ಕಿ ಕೋಳಿ ಹೊಡೆಯುವವರು ಅದರ ತಲೆ ಮತ್ತು ಕತ್ತಿಗೆ ಮಾತ್ರ ಗುರಿ ಇಡುತ್ತಾರೆ. ಮೈಮೇಲೆ ಗರಿ ದಪ್ಪ. ಅಲ್ಲಿ ಬಿದ್ದರೆ ಕೋಳಿ ಸಾಯುವುದಿಲ್ಲ, ಓಡಿಹೋಗಿ ಎಲ್ಲೋ ಪೊದೆಯಲ್ಲಿ ಬಿದ್ದು ನರಳುತ್ತದೆ. ಅದಕ್ಕೇ ಟರ್ಕಿ ಚೋಕ್ ಉಳಿದ ಚೋಕ್‌ಗಳಿಗಿಂತ ಬಿಗಿ. ಎಷ್ಟು ಬಿಗಿ ಎನ್ನುವುದರ ಮೇಲೆಯೇ ನಮ್ಮ ಶಾಪಿನಲ್ಲಿ ಜಗಳ.

ನಾನು ಮೊಟ್ಟೆಯನ್ನೂ ತಿನ್ನದ ಮೈಸೂರು ಮನೆಯವಳು. ನೆಂಟರು ಕೇಳಿದರೆ ಕ್ವಾಲಿಟಿ ಇಂಜಿನಿಯರ್ ಎಂದು ಹೇಳಿ ಮಾತು ತಿರುಗಿಸುತ್ತೇನೆ. ಕೊಲ್ಲುವುದಕ್ಕೂ ನನಗೂ ಸಂಬಂಧವಿಲ್ಲ, ನಾನು ಎಣಿಸುವುದು ಕಾಗದದ ಮೇಲಿನ ತೂತುಗಳನ್ನು ಎಂದು ಹನ್ನೊಂದು ವರ್ಷ ನನಗೆ ನಾನೇ ಹೇಳಿಕೊಂಡು ಬಂದಿದ್ದೆ.

ಈ ಹನ್ನೊಂದು ವರ್ಷದಲ್ಲಿ ನಾನು ಶಾಪಿಗೆ ಕೊಂಡುಹೋದ ಬಿಸಿಬೇಳೆಬಾತ್, ಕೋಸಂಬರಿ, ಮೈಸೂರು ಪಾಕ್ ಯಾವುದನ್ನೂ ಮಾಲೀಕ ಎರಡನೇ ಸಲ ಹಾಕಿಸಿಕೊಂಡವನಲ್ಲ. “ಇಂಟರೆಸ್ಟಿಂಗ್” ಎಂದು ತಟ್ಟೆ ಪಕ್ಕಕ್ಕಿಡುತ್ತಿದ್ದ. ಧಾರವಾಡದವನು ಸೇರಿ ಮೂರು ವಾರವಾಗಿತ್ತು, ಒಂದು ಡಬ್ಬಿ ಶೇಂಗಾ ಚಟ್ನಿಪುಡಿ ತಂದ. ಆ ಮುದುಕ ಅದನ್ನು ಸ್ಯಾಂಡ್‌ವಿಚ್ ಮೇಲೆ ಉದುರಿಸಿಕೊಂಡು ತಿಂದು, ಬೆರಳು ನೆಕ್ಕಿ, ಮಾರನೆಯ ದಿನ ಖಾಲಿ ಡಬ್ಬಿ ಹಿಡಿದು ಇವನ ಮೇಜಿಗೇ ಬಂದ. ನನ್ನ ಮೈ ಹೇಗೆ ಉರಿಯಿತು ಅಂತೀರಿ! ಚಟ್ನಿಪುಡಿ ಎನ್ನುವುದೇನು ನನಗೆ ಬರದ ವಿದ್ಯೆಯೇ?

ಅದು ಅಷ್ಟಕ್ಕೇ ನಿಂತಿದ್ದರೆ ನುಂಗಿಕೊಳ್ಳುತ್ತಿದ್ದೆ. ಮೇ ತಿಂಗಳಲ್ಲಿ ಮಾಲೀಕ ಅವನನ್ನು ತನ್ನ ಜೊತೆ ಟರ್ಕಿ ಬೇಟೆಗೆ ಕರೆದುಕೊಂಡು ಹೋದ. ಇಬ್ಬರೂ ಒಂದು ಬಟ್ಟೆ ಗೂಡಾರದೊಳಗೆ ಬೆಳಗಿನಿಂದ ಮಧ್ಯಾಹ್ನದವರೆಗೆ ಉಸಿರು ಬಿಗಿಹಿಡಿದು ಕೂತಿದ್ದರಂತೆ. ಇವನೂ ಕೋಳಿ ತಿನ್ನುವವನಲ್ಲ, ಕೋವಿ ಮುಟ್ಟಲಿಲ್ಲವಂತೆ, ಬರೀ ನೋಡಿದನಂತೆ. ಸೋಮವಾರ ಬಂದು ಕಣ್ಣರಳಿಸಿ ಹೇಳಿದ. “ಅಕ್ಕಾರ, ಅದು ಕುಣಕೋತ ಬರತೈತ್ರಿ! ಹೆಣ್ಣು ಕೂಗಿದಂಗ ಮಾಲೀಕರು ಸೀಟಿ ಊದ್ತಾರು, ಇದು ಹುಚ್ಚಪ್ಪ, ಬಾಲ ಬಿಚ್ಚಕೊಂಡು ಇಪ್ಪತ್ತ ಯಾರ್ಡಿಗೆ ಬಂದು ನಿಂತ್ ಬಿಡ್ತು.”

“ಹೌದಾ” ಎಂದೆ. ನನ್ನನ್ನು ಹನ್ನೊಂದು ವರ್ಷದಲ್ಲಿ ಒಂದು ದಿನವೂ ಕರೆಯಲಿಲ್ಲವಲ್ಲ ಎಂದುಕೊಳ್ಳುತ್ತ ನನ್ನ ಮೇಜಿನ ಕಡೆ ತಿರುಗಿದೆ. ಕರೆದಿದ್ದರೆ ಹೋಗುತ್ತಿದ್ದೆನೋ ಇಲ್ಲವೋ, ಅದು ಬೇರೆ ಮಾತು.

ಜನವರಿಯಲ್ಲಿ ಮಾಲೀಕ ನಮ್ಮಿಬ್ಬರನ್ನೂ ಕೂರಿಸಿಕೊಂಡು ಹೇಳಿದ. ಈ ವಸಂತದ ಬೇಟೆಗೆ ಶಾಪಿನಿಂದ ಒಂದೇ ಒಂದು ಹೊಸ ಟರ್ಕಿ ಚೋಕ್ ಹೊರಗೆ ಹೋಗಬೇಕು. ಇಬ್ಬರೂ ಒಂದೊಂದು ಮಾಡಿ ಪರೀಕ್ಷಿಸಿ. ಯಾರದ್ದು ಚೆನ್ನಾಗಿದೆಯೋ ಅವರ ಡ್ರಾಯಿಂಗ್ ಲೇತಿಗೆ ಹೋಗುತ್ತದೆ, ಮತ್ತು ಇನ್ನು ಮೇಲೆ ಡಿಸೈನ್ ಕೆಲಸವೆಲ್ಲ ಅವರದ್ದೇ. ತನಗೆ ವಯಸ್ಸಾಯಿತು, ತನ್ನ ಡಿಸೈನ್ ಮೇಜನ್ನು ಬಿಟ್ಟುಕೊಡಬೇಕು ಎಂದ.

ಆ ಮೇಜು ನನಗೆ ಬೇಕಿತ್ತು. ಬೇರೆಯವರು ಗೆರೆ ಎಳೆದದ್ದನ್ನು ಅಳೆದೂ ಅಳೆದೂ ನನಗೆ ಸಾಕಾಗಿತ್ತು. ಒಂದು ಸಲವಾದರೂ ನಾನು ಎಳೆದ ಗೆರೆಯನ್ನು ಬೇರೆಯವರು ಅಳೆಯಲಿ ಎನ್ನುವ ಆಸೆ. ಹನ್ನೊಂದು ವರ್ಷ ದುಡಿದವಳು ನಾನು, ಹನ್ನೊಂದು ತಿಂಗಳೂ ಆಗದವನು ಇವನು. ಸ್ಪರ್ಧೆ ಎಂದು ಇಟ್ಟಿದ್ದೇ ನನಗೆ ಅವಮಾನವಾಗಿ ಕಂಡಿತು.

ಹನ್ನೆರಡು ಗೇಜಿನ ಕೋವಿಯ ನಳಿಗೆ ಒಳಗೆ ಇಂಚಿನ ಸಾವಿರ ಭಾಗದಲ್ಲಿ ಏಳುನೂರ ಇಪ್ಪತ್ತೊಂಬತ್ತು ಭಾಗ. ಒಂದು ಭಾಗಕ್ಕೆ ಶಾಪಿನಲ್ಲಿ ಥೌ ಎನ್ನುತ್ತೇವೆ. ನಾನು ಬಾಯಿಯನ್ನು ಆರುನೂರ ಐವತ್ತೈದು ಥೌಗೆ ಇಳಿಸಿದೆ, ಅಂದರೆ ತುಂಬಾ ಬಿಗಿ. ನಲವತ್ತು ಯಾರ್ಡಿನಲ್ಲಿ ಹೆಚ್ಚು ಚರೆ ಒಂದೇ ಕಡೆ ಬೀಳಬೇಕು ಎನ್ನುವುದು ನನ್ನ ಲೆಕ್ಕ, ಕೊಳ್ಳುವವರು ಕೇಳುವುದೂ ಅದನ್ನೇ. ಅವನು ಆರುನೂರ ಎಪ್ಪತ್ತಕ್ಕೆ ನಿಲ್ಲಿಸಿದ. ನಡುವಿನ ವ್ಯತ್ಯಾಸ ನಾಲ್ಕು ಹಾಳೆ ಕಾಗದದ ದಪ್ಪ.

“ಕೋಳಿ ಇಪ್ಪತ್ತ ಯಾರ್ಡಿಗೆ ಬಂದ್ರ ನಿಮ್ಮ ಚರಿ ಮುಷ್ಟಿಯಷ್ಟ ಗುಂಪಾಗಿರ್ತಾವ್ರಿ” ಎಂದ. “ಕೈ ಒಂಚೂರು ಅಲುಗಿದ್ರ ಪೂರಾ ಮಿಸ್. ನಂದು ತಟ್ಟಿಯಷ್ಟ ಅಗಲ ಬೀಳ್ತೈತಿ.”

“ಒಂದು ದಿನ ಗೂಡಾರದಲ್ಲಿ ಕೂತು ಬಂದು ನನಗೆ ಪಾಠ ಹೇಳ್ಬೇಡಪ್ಪ” ಎಂದೆ.

ಪರೀಕ್ಷೆಯ ಕ್ರಮ ನನ್ನದು. ಐ-೭೫ ಹೆದ್ದಾರಿ ಹಿಡಿದು ಉತ್ತರಕ್ಕೆ ನಲವತ್ತು ಮೈಲಿ ಹೋದರೆ ಒಂದು ಗನ್ ಕ್ಲಬ್‌ನ ಶೂಟಿಂಗ್ ರೇಂಜ್ ಇದೆ. ಅಲ್ಲಿ ಕೋವಿಯನ್ನು ಕಬ್ಬಿಣದ ಸ್ಟ್ಯಾಂಡಿಗೆ ಬಿಗಿದು, ನಳಿಗೆಯೊಳಗೆ ಲೇಸರ್ ಇಟ್ಟು, ನಲವತ್ತು ಯಾರ್ಡ್ ದೂರದ ನಾಲ್ಕು ಅಡಿ ಕಾಗದದ ನಟ್ಟನಡುವಿನ ಕಿತ್ತಳೆ ಸ್ಟಿಕರಿನ ಮೇಲೆ ಬೆಳಕು ಕೂರಿಸುತ್ತೇನೆ. ಲೇಸರ್ ತೆಗೆದು ತೋಟಾ ಹಾಕಿ, ಟ್ರಿಗರಿಗೆ ಕಟ್ಟಿದ ದಾರವನ್ನು ಹಿಂದೆ ನಿಂತು ಎಳೆಯುತ್ತೇನೆ. ಇದುವರೆಗೆ ಕೋವಿಯನ್ನು ಹೆಗಲಿಗಿಟ್ಟವಳಲ್ಲ. ಪ್ರತಿ ಹೊಡೆತಕ್ಕೆ ಹೊಸ ಕಾಗದ, ನಡುವೆ ನಳಿಗೆ ತಣ್ಣಗಾಗುವಷ್ಟು ಹೊತ್ತು, ಐದು ಹೊಡೆತಕ್ಕೊಮ್ಮೆ ಚೋಕಿನೊಳಗೆ ಅಂಟಿದ ತೋಟಾದ ಪ್ಲಾಸ್ಟಿಕ್ ಒರೆಸುವುದು. ನೀರು ಹೆಪ್ಪುಗಟ್ಟುವ ಮೂವತ್ತು ಡಿಗ್ರಿ ಫ್ಯಾರನ್‌ಹೀಟ್‌ನಲ್ಲಿ ಬೆರಳುಗಳು ಮರಗಟ್ಟುತ್ತಿದ್ದವು, ಹೊಡೆದ ಕಾಗದವನ್ನು ನೋಡುತ್ತ ನಿಲ್ಲದೆ ಕಿತ್ತು ಸುತ್ತಿಕೊಳ್ಳುತ್ತಿದ್ದೆ.

ಎಣಿಸುವುದು ಶಾಪಿನಲ್ಲಿ. ತೂತುಗಳು ಬೆಳಕಿಗೆ ಚೆನ್ನಾಗಿ ಕಾಣಲಿ ಎಂದು ಕಾಗದಗಳನ್ನು ಇನ್‌ಸ್ಪೆಕ್ಷನ್ ರೂಮಿನ ದೊಡ್ಡ ಕಿಟಕಿಗಾಜಿಗೆ ಅಂಟಿಸುತ್ತೇನೆ. ಮುಂಬದಿ ಹೊರಕ್ಕೆ, ಹಿಂಬದಿ ನನ್ನ ಕಡೆಗೆ. ಸ್ಟಿಕರ್ ಕಂಡರೆ ಕಣ್ಣು ಅಲ್ಲಿಗೇ ಹೋಗುತ್ತದೆ, ಹಿಂಬದಿಯಿಂದಾದರೆ ಪಕ್ಷಪಾತವಿಲ್ಲ ಎನ್ನುವುದು ನನ್ನ ಜಂಬ. ಸ್ಟಿಕರಿನ ಮೇಲೆ ಬಿದ್ದ ತೂತು ಮುಚ್ಚಿಹೋಗದಂತೆ ತೆಳು ಟಿಶ್ಯೂ ಸ್ಟಿಕರ್ ಬಳಸುತ್ತೇನೆ, ಹಿಂದಿನಿಂದ ಅದು ಕಾಣುವುದೇ ಇಲ್ಲ. ತೂತು ಎಲ್ಲಿ ಹೆಚ್ಚು ಒತ್ತಾಗಿದೆಯೋ ಅಲ್ಲಿ ಹತ್ತು ಇಂಚಿನ ಪ್ಲೈವುಡ್ ಬಿಲ್ಲೆ ಇಟ್ಟು ವೃತ್ತ ಎಳೆದು, ಒಂದೊಂದು ತೂತಿಗೂ ಮಾರ್ಕರ್ ಚುಕ್ಕೆ ಇಡುತ್ತ ಎಣಿಸುವುದು. ಹೊಡೆದ ಮೇಲೆ ವೃತ್ತ ಎಳೆಯುವುದು ಈ ಕಸುಬಿನವರೆಲ್ಲ ಮಾಡುವ ಪದ್ಧತಿಯೇ.

ಮೊದಲ ದಿನವೇ ಅವನು ತನ್ನ ಕಾಗದವನ್ನು ಮೇಜಿನ ಮೇಲೆ ಹಾಸಿಕೊಂಡು ಸ್ಟಿಕರಿನ ಸುತ್ತ ವೃತ್ತ ಎಳೆಯುತ್ತಿದ್ದ.

“ಹಾಗಲ್ಲ ಕಣಪ್ಪ, ಒತ್ತಾಗಿರೋ ಕಡೆ ಎಳೀಬೇಕು” ಎಂದೆ.

“ಗುರಿ ಇಟ್ಟದ್ದು ಇಲ್ಲಿ, ವೃತ್ತ ಅಲ್ಲಿ ಹೆಂಗ್ರಿ? ಕೋಳಿ ಬಂದು ನಮ್ಮ ವೃತ್ತದಾಗ ನಿಂದರತೈತೇನ್ರಿ?”

ಬೆಂಚಿನ ಹತ್ತಿರ ಇದ್ದವರಿಗೆಲ್ಲ ಕೇಳುವಂತೆ ನಕ್ಕೆ. ಇಂಗ್ಲಿಷಿನಲ್ಲಿ ಅನುವಾದ ಮಾಡಿಯೂ ಹೇಳಿದೆ, ಇವನಿಗೆ ವೃತ್ತ ಎಳೆಯುವುದೂ ಗೊತ್ತಿಲ್ಲ ಎಂದು. ಎಲ್ಲರೂ ನಕ್ಕರು. ಅವನು ಕಿವಿ ಕೆಂಪಗೆ ಮಾಡಿಕೊಂಡು ತನ್ನ ಕಾಗದಗಳನ್ನೂ ನನ್ನ ಕಿಟಕಿಗೆ ಅಂಟಿಸಿದ. ಆ ದಿನ ನನಗೆ ಆದ ತೃಪ್ತಿ ಇದೆಯಲ್ಲ, ಊಟ ಮಾಡದಿದ್ದರೂ ನಡೆಯುತ್ತಿತ್ತು.

ಮೂರು ವಾರ ಎಣಿಸಿದೆವು. ನನ್ನ ಚೋಕ್‌ನದು ಸರಾಸರಿ ನೂರೈವತ್ತರ ಮೇಲೆ, ಅವನದು ನೂರ ಮೂವತ್ತರ ಆಸುಪಾಸು. ಶುಕ್ರವಾರ ತೀರ್ಮಾನ. ಬುಧವಾರ ಮಾಲೀಕ ಇನ್ನೊಂದು ಕೆಲಸ ಹೇಳಿದ. ಜಾಹೀರಾತಿನ ಫೋಟೋಕ್ಕೆಂದು, ಟರ್ಕಿಯ ತಲೆ-ಕತ್ತು ಮುದ್ರಿಸಿದ ಕಾಗದಗಳ ಮೇಲೆ ಎರಡೂ ಚೋಕ್‌ಗಳಿಂದ ಹೊಡೆದು ತರಬೇಕು. ಮಾರನೆಯ ದಿನ ನಾನೊಬ್ಬಳೇ ಎರಡೂ ಚೋಕ್ ಬ್ಯಾಗಿಗೆ ಹಾಕಿಕೊಂಡು ರೇಂಜಿಗೆ ಡ್ರೈವ್ ಮಾಡಿದೆ.

ನನ್ನ ಚೋಕ್ ಮೊದಲು. ಲೇಸರನ್ನು ಕೋಳಿಯ ಕಣ್ಣಿನ ಕೆಳಗೆ ಕೂರಿಸಿ ದಾರ ಎಳೆದೆ. ಹತ್ತಿರ ಹೋಗಿ ನೋಡಿದರೆ ಕೋಳಿ ನನ್ನನ್ನೇ ನೋಡುತ್ತಿದೆ. ತಲೆಯಲ್ಲಿ ಒಂದೂ ತೂತಿಲ್ಲ. ಕತ್ತಿನ ಅಂಚಿನಲ್ಲಿ ಎರಡು. ಅದರ ಎಡಕ್ಕೆ ಏಳು ಇಂಚು ಆಚೆ ಖಾಲಿ ಜಾಗದಲ್ಲಿ ನೂರೈವತ್ತು ತೂತು, ಎಷ್ಟು ಚೆಂದವಾಗಿ ಒತ್ತಾಗಿ ಬಿದ್ದಿವೆ!

ಸ್ಟ್ಯಾಂಡ್ ಅಲುಗಿರಬೇಕೆಂದು ಬೋಲ್ಟು ಬಿಗಿದು ಮತ್ತೆ ಹೊಡೆದೆ. ಎಡಕ್ಕೇ. ಅದೇ ಡ್ರಾಯಿಂಗಿನಲ್ಲಿ ನಾನು ಮಾಡಿಸಿ ಬ್ಯಾಗಿನಲ್ಲೇ ಇಟ್ಟುಕೊಂಡಿದ್ದ ಇನ್ನೆರಡು ಮಾದರಿಗಳನ್ನೂ ಹಾಕಿ ನೋಡಿದೆ. ಅವೂ ಎಡಕ್ಕೆ. ಕೋವಿಯದೇ ತಪ್ಪಿರಲಿ ದೇವರೇ ಎಂದುಕೊಂಡು, ಅದೇ ಕೋವಿಗೆ, ಅದೇ ಸ್ಟ್ಯಾಂಡಿನಲ್ಲಿ ಅವನ ಚೋಕ್ ಹಾಕಿದೆ. ಕೋಳಿಯ ತಲೆ ಜರಡಿಯಾಗಿ ಹೋಯಿತು.

ಅಯ್ಯೋ ಶಿವನೇ. ಮೂರು ವಾರ ಹಿಂಬದಿಯಿಂದ ನೋಡಿ, ಚರೆ ಎಲ್ಲಿ ಬಿತ್ತೋ ಅಲ್ಲೇ ವೃತ್ತ ಎಳೆದು, ಭೇಷ್ ಎಂದು ನನ್ನ ಬೆನ್ನು ನಾನೇ ತಟ್ಟಿಕೊಂಡಿದ್ದೆ. ಅವನು ಕೇಳಿದ ಪ್ರಶ್ನೆಯೇ ಸರಿಯಾಗಿತ್ತು. ನನ್ನ ಎಣಿಕೆ ತಪ್ಪಿರಲಿಲ್ಲ, ಆದರೆ ಆ ನೂರೈವತ್ತು ಚರೆ ಕೋಳಿಗೆ ಬೀಳುತ್ತಿರಲಿಲ್ಲ.

ಆಗ ನಾನು ಮಾಡಿದ್ದನ್ನು ಬರೆಯಲು ನಾಚಿಕೆಯಾಗುತ್ತದೆ. ಹೊಸ ಕಾಗದ ಹಚ್ಚಿ, ಲೇಸರನ್ನು ಏಳು ಇಂಚು ಬಲಕ್ಕೆ ಇಟ್ಟು, ನನ್ನ ಚೋಕಿನಿಂದ ಹೊಡೆದೆ. ಚರೆಗಳೆಲ್ಲ ಬಂದು ತಲೆಗೇ ಬಿದ್ದವು. ಅವನ ಕಾಗದಕ್ಕಿಂತ ಎಷ್ಟೋ ಪಾಲು ಅಂದವಾದ ಕಾಗದ. ಫೋಟೋ ತೆಗೆದೆ. ಎಡಕ್ಕೆ ಬಿದ್ದ ಕಾಗದಗಳನ್ನೆಲ್ಲ ಸುತ್ತಿ ಡಿಕ್ಕಿಗೆ ಹಾಕಿ, ವೆಸ್ಟ್ ಬ್ಲೂಮ್‌ಫೀಲ್ಡ್‌ನ ಮನೆಗೆ ಹೊರಟೆ.

ದಾರಿಯುದ್ದಕ್ಕೂ ಮನಸ್ಸು ಸಮರ್ಥನೆ ಹುಡುಕುತ್ತಿತ್ತು. ಶುಕ್ರವಾರ ಗೆದ್ದರೆ ಸಾಕು, ಆಮೇಲೆ ಡ್ರಾಯಿಂಗ್ ತಿದ್ದಿದರಾಯಿತು. ಯಾರಿಗೆ ಗೊತ್ತಾಗುತ್ತದೆ? ಆದರೆ ಸೋಮವಾರ ಲೇತಿಗೆ ಉಕ್ಕು ಏರುತ್ತದೆ, ತಿದ್ದಲು ಸಮಯವೆಲ್ಲಿದೆ ಎನ್ನುವುದು ನನಗಿಂತ ಚೆನ್ನಾಗಿ ಯಾರಿಗೆ ಗೊತ್ತು?

ಸಂಜೆ ಊಟದ ಮೇಜಿನಲ್ಲಿ ಮಗಳ ಮುಂದೆ ಧಾರವಾಡದವನನ್ನು ಬೈಯುತ್ತ ಕೂತೆ. ಹೈಸ್ಕೂಲಿನ ಹುಡುಗಿ, ಚಪಾತಿ ಸುತ್ತಿಕೊಳ್ಳುತ್ತ ಕೇಳಿದಳು.

“ಅಮ್ಮಾ, ಆರ್ ಯು ಜೆಲಸ್?”

“ನಂಗ್ಯಾಕೆ ಹೊಟ್ಟೆಕಿಚ್ಚು? ಅವನ ಮುಖಕ್ಕೆ!”

“ಓಕೆ. ದೆನ್ ವೈ ಆರ್ ಯು ಯೆಲ್ಲಿಂಗ್?”

ಗಂಡ ಮೊಸರಿನ ಪಾತ್ರೆಯನ್ನು ನನ್ನ ಕಡೆ ಸರಿಸಿದರು.

ಶುಕ್ರವಾರ ಎಲ್ಲರಿಗಿಂತ ಮೊದಲು ಶಾಪಿಗೆ ಹೋದೆ. ನನ್ನ ಚೋಕನ್ನು ಎರಡು ಮೊನೆಗಳ ನಡುವೆ ಇಟ್ಟು, ಡಯಲ್ ಗೇಜಿನ ತುದಿ ತಾಗಿಸಿ ನಿಧಾನವಾಗಿ ತಿರುಗಿಸಿದೆ. ಕೊಳವೆ ನೆಟ್ಟಗಿದ್ದರೆ ಅಲುಗಬಾರದ ಮುಳ್ಳು ಆಚೀಚೆ ತೂಗಾಡಿತು. ಹೊರಗಿನ ತಿರುಪನ್ನು ಲೇತಿನಲ್ಲಿ ಒಂದು ಸಲ ಹಿಡಿದು ಕೊರೆಸಿ, ಕೊಳವೆಯನ್ನು ಬಿಚ್ಚಿ, ಒಳಗಿನ ಬಾಯಿಯನ್ನು ಇನ್ನೊಂದು ಸಲ ಹಿಡಿದು ಕೊರೆಸಿದ್ದೆ. ಒಳಗೆ ನುಣುಪು ಚೆನ್ನಾಗಿ ಬರುತ್ತದೆ ಎಂದು ಹಟ ಹಿಡಿದು ಹಾಗೆ ಮಾಡಿಸಿದವಳು ನಾನೇ. ಎರಡು ಸಲ ಹಿಡಿದದ್ದರಲ್ಲಿ ಉದ್ದಕ್ಕೆ ಹನ್ನೆರಡು ಥೌ ಓರೆ. ಅಷ್ಟು ಓರೆ ನಲವತ್ತು ಯಾರ್ಡಿಗೆ ಹೋಗುವಷ್ಟರಲ್ಲಿ ಇಂಚುಗಟ್ಟಲೆಯಾಗುತ್ತದೆ. ಬಾಯಿಯ ಅಳತೆಯನ್ನು ನೂರು ಸಲ ಅಳೆದಿದ್ದೆ, ಅದು ನೆಟ್ಟಗಿದೆಯೇ ಎಂದು ಒಂದು ಸಲವೂ ನೋಡಿರಲಿಲ್ಲ. ಅವನು ಒಂದೇ ಹಿಡಿತದಲ್ಲಿ ಎರಡನ್ನೂ ಮುಗಿಸಿದ್ದ.

ಅಲ್ಲೇ ಸ್ಟೂಲಿನ ಮೇಲೆ ಕೂತೆ. ಈ ಚೋಕ್ ಕೊಂಡವನೊಬ್ಬ ಏಪ್ರಿಲ್‌ನಲ್ಲಿ ಕಾಡಿಗೆ ಹೋಗುತ್ತಾನೆ. ತಲೆಗೆ ಗುರಿ ಇಡುತ್ತಾನೆ. ಚರೆ ರೆಕ್ಕೆಗೆ ಬೀಳುತ್ತದೆ. ಆಮೇಲಿನದನ್ನು ಯಾರೂ ಎಣಿಸುವುದಿಲ್ಲ. ಕೊಲ್ಲುವುದಕ್ಕೂ ನನಗೂ ಸಂಬಂಧವಿಲ್ಲ ಎನ್ನುವ ಮಾತು ಆ ಬೆಳಿಗ್ಗೆ ನನ್ನ ಬಾಯಿಗೆ ಬರಲಿಲ್ಲ. ಪುಣ್ಯಾತ್ಗಿತ್ತಿಯಂತೆ ಕಾಣಲು ಇದನ್ನು ಬರೆಯುತ್ತಿಲ್ಲ. ಇನ್ನೊಂದು ಕಾರಣವೂ ಇತ್ತು, ಅದೂ ಅಷ್ಟೇ ದೊಡ್ಡದು. ಇದು ಒಂದಲ್ಲ ಒಂದು ದಿನ ಹೊರಬೀಳುತ್ತದೆ, ಆಗ ಧಾರವಾಡದವನ ಬಾಯಿಂದ ಕೇಳಬೇಕಾಗುತ್ತದೆ. ಅದಕ್ಕಿಂತ ನನ್ನ ಬಾಯಿಂದಲೇ ಬರಲಿ. ಡಿಕ್ಕಿಯಿಂದ ಸುರುಳಿ ತಂದೆ.

ಮೀಟಿಂಗಿನಲ್ಲಿ ಇದ್ದವರು ಮೂವರೇ, ಮಾಲೀಕ, ಅವನು, ನಾನು. ಮೊದಲು ಎಡಕ್ಕೆ ಬಿದ್ದ ಕಾಗದಗಳನ್ನು ಹರಡಿದೆ. ಆಮೇಲೆ ಅಂದವಾದ ಕಾಗದವನ್ನೂ ಇಟ್ಟು, ಇದು ಗುರಿ ಸರಿಸಿ ಹೊಡೆದದ್ದು, ಇದನ್ನು ನಂಬಬೇಡಿ ಎಂದೆ. ಡಯಲ್ ಗೇಜಿನ ಅಳತೆ ಹೇಳಿದೆ. ಏನನ್ನೂ ಮುಚ್ಚಿಡಲಿಲ್ಲ. ಸರಿಪಡಿಸಲು ಎರಡು ವಾರ ಬೇಕು ಎಂದೂ ಹೇಳಿ, ಮಾಲೀಕನ ಮುಖ ನೋಡಿದೆ. ತಗೋ ಎರಡು ವಾರ ಎನ್ನಲಿ ಎಂದು ಒಳಗೊಳಗೇ ಬೇಡಿಕೊಳ್ಳುತ್ತಿದ್ದೆ.

“ಸೋಮವಾರ ಉಕ್ಕು ಕತ್ತರಿಸಬೇಕು” ಎಂದ ಮಾಲೀಕ. ಧಾರವಾಡದವನ ಡ್ರಾಯಿಂಗ್ ಎಳೆದುಕೊಂಡು ಸಹಿ ಹಾಕಿದ. ಅಷ್ಟೇ. ಹನ್ನೊಂದು ವರ್ಷದ ಆಸೆಗೆ ಅರ್ಧ ನಿಮಿಷವೂ ಹಿಡಿಯಲಿಲ್ಲ.

ನನಗೆ ತಡೆಯಲಾಗಲಿಲ್ಲ. “ನನ್ನನ್ನೂ ಕಾಡಿಗೆ ಕರೆದುಕೊಂಡು ಹೋಗಿದ್ದರೆ ನನಗೂ ಗೊತ್ತಾಗುತ್ತಿತ್ತು. ಒಂದು ಸಲವಾದರೂ ಕರೆದಿರಾ?” ಎಂದೇಬಿಟ್ಟೆ.

ಮುದುಕ ಕನ್ನಡಕ ತೆಗೆದ. “ನೀನು ಸೇರಿದ ವರ್ಷವೇ ಕರೆದೆ. ನೀನೇ, ನಮ್ಮ ಮನೆಯಲ್ಲಿ ಅಂಥದ್ದನ್ನು ಕಣ್ಣಿಂದಲೂ ನೋಡುವುದಿಲ್ಲ ಎಂದುಬಿಟ್ಟೆ. ಒಂದು ವಾರ ನನ್ನ ಜೊತೆ ಮಾತಾಡಲಿಲ್ಲ. ಆಮೇಲೆ ನಿನಗೆ ಬೇಜಾರಾಗದಿರಲಿ ಎಂದು ಕೇಳಲಿಲ್ಲ.”

ನನಗೆ ಅದು ಸುತರಾಂ ನೆನಪಿರಲಿಲ್ಲ. ಆದರೆ ಅವನು ಹೇಳಿದ ಮಾತು ನನ್ನದೇ, ಅನುಮಾನವಿಲ್ಲ.

ಹೊರಗೆ ಪಾರ್ಕಿಂಗ್ ಲಾಟಿನಲ್ಲಿ ಧಾರವಾಡದವನು ಹಿಂದೆಯೇ ಬಂದ. ಕೈ ಜೇಬಿನಲ್ಲಿ, ಮುಖ ಕೆಳಗೆ.

“ಅಕ್ಕಾರ, ಒಂದ ಮಾತು. ನನಗ ಗೊತ್ತಿತ್ರಿ.”

“ಏನು ಗೊತ್ತಿತ್ತು?”

ಅವನು ಶಾಪಿನ ಕಡೆ ಕೈ ತೋರಿಸಿದ. ಇನ್‌ಸ್ಪೆಕ್ಷನ್ ರೂಮಿನ ಕಿಟಕಿ ನೇರ ಎದುರಿಗಿತ್ತು. ನನ್ನ ಕಾಗದಗಳು ಇನ್ನೂ ಅಂಟಿಕೊಂಡಿದ್ದವು, ಮುಂಬದಿ ನಮ್ಮ ಕಡೆಗೆ. ಪ್ರತಿಯೊಂದರಲ್ಲೂ ಕಿತ್ತಳೆ ಸ್ಟಿಕರ್ ಒಂದು ಕಡೆ, ತೂತಿನ ಗುಂಪು ಇನ್ನೊಂದು ಕಡೆ. ಮೂರು ವಾರ ಈ ಲಾಟಿನಲ್ಲಿ ಕಾರು ನಿಲ್ಲಿಸಿದ ಯಾರೇ ಕತ್ತೆತ್ತಿ ನೋಡಿದರೂ ಕಾಣುತ್ತಿತ್ತು. ನಾನೂ ದಿನಾ ಇಲ್ಲೇ ನಿಲ್ಲಿಸುತ್ತಿದ್ದೆ, ಫೋನ್ ನೋಡುತ್ತ ಒಳಗೆ ಹೋಗುತ್ತಿದ್ದೆ.

“ಮತ್ತೆ ಬಾಯಿ ಬಿಡೋಕೇನಾಗಿತ್ತು ನಿಂಗೆ?”

“ಹೇಳಿದ್ರ ನೀವು ನಂಬತಿದ್ರೇನ್ರಿ? ವೃತ್ತದ ಮಾತಿಗೇ ಎಲ್ಲಾರ ಮುಂದ ನಗಸಿದ್ರಿ.” ಜೇಬಿನಿಂದ ಫೋನ್ ಹೊರತೆಗೆದ. ಕಿಟಕಿಯ ಫೋಟೋಗಳಿದ್ದವು, ಏಳೆಂಟು. “ಖರೇ ಹೇಳ್ತೀನ್ರಿ. ಹೇಳೂ ಮನಸ್ಸೂ ಇರಲಿಲ್ಲ. ನಿಮ್ಮ ನಂಬರ್ ನೋಡಿ ಹೊಟ್ಟಿ ಉರೀತಿತ್ತು. ಇವತ್ತ ಮಾಲೀಕರ ಮುಂದ ಇವನ್ನ ತೋರಸಬೇಕಂತ ಇಟಗೊಂಡಿದ್ದೆ. ನೀವ ಮೊದಲ ಹೇಳಿಬಿಟ್ರಿ.”

ಬೈಯಬೇಕೆಂದಿದ್ದೆ. ಆದರೆ ಇವನಿಗೂ ನನ್ನಂತೆಯೇ ಹೊಟ್ಟೆ ಉರಿದಿತ್ತು ಎಂದು ಕೇಳಿ, ನಾಚಿಕೆಗೇಡು, ಜೀವಕ್ಕೆ ಎಷ್ಟು ತಂಪಾಯಿತು! ಹನ್ನೊಂದು ತಿಂಗಳಲ್ಲಿ ಮೊದಲ ಸಲ ಆ ಮನುಷ್ಯ ನನಗೆ ಇಷ್ಟವಾದ.

“ಡಿಲೀಟ್ ಮಾಡೋ ಅದನ್ನ” ಎಂದೆ.

“ಮಾಡ್ತೀನ್ರೀ” ಎಂದು ನನ್ನ ಮುಂದೆಯೇ ಮಾಡಿದ.

ಕಥೆ ಇಲ್ಲಿಗೆ ಸುಖವಾಗಿ ಮುಗಿಯಿತು ಎಂದು ಬರೆದರೆ ಸುಳ್ಳಾಗುತ್ತದೆ. ಮಾರ್ಚ್ ಕೊನೆಗೆ ಅವನ ಚೋಕ್‌ಗಳ ಮೊದಲ ನೂರು ಲೇತಿನಿಂದ ಇಳಿದು ನನ್ನ ಮೇಜಿಗೆ ಬಂದವು. ಅವನು ಅಷ್ಟರಲ್ಲಿ ಮಾಲೀಕನ ಮೇಜಿಗೆ ಹೋಗಿದ್ದ. ಅಳೆದು ಸಹಿ ಹಾಕುವ ಕೆಲಸ ಎಂದಿನಂತೆ ನನ್ನದೇ. ಈ ಸಲ ಬಾಯಿಯ ಅಳತೆ ಮಾತ್ರವಲ್ಲ, ಒಂದೊಂದನ್ನೂ ಮೊನೆಗಳ ನಡುವೆ ಇಟ್ಟು, ಡಯಲ್ ಗೇಜ್ ಹಚ್ಚಿ, ಓರೆಯಿದೆಯೇ ಎಂದು ತಿರುಗಿಸಿ ನೋಡಿದೆ. ಒಂದಾದರೂ ಕೆಟ್ಟಿರಲಿ, ದೇವರೇ, ಒಂದೇ ಒಂದು, ಎಂದು ಬೇಡಿಕೊಳ್ಳುತ್ತಲೇ ತಿರುಗಿಸಿದೆ. ಮುಳ್ಳು ಅಲುಗಲಿಲ್ಲ. ಸಂಜೆ ನಾಲ್ಕರ ಹೊತ್ತಿಗೆ ನೂರೂ ಮುಗಿದವು, ನೂರೂ ಸರಿಯಾಗಿದ್ದವು. ಫಾರಂ ಎಳೆದುಕೊಂಡು ‘ಪಾಸ್’ ಎಂದು ಬರೆದು, ಕೆಳಗೆ ನನ್ನ ಹೆಸರು ಹಾಕಿದೆ.